ನೇರ ಬೀದಿಯಿಲ್ಲದ ಊರುಗಳಲ್ಲಿ ಯೋಜನೆ ಎಲ್ಲಿತ್ತು?

ಮೊಹೆಂಜೊದಾರೋದ ನೇರ ಬೀದಿಗಳನ್ನು ಪಠ್ಯಪುಸ್ತಕದಲ್ಲಿ ನೋಡಿ ಬೆಳೆದ ಕಣ್ಣಿಗೆ ಪ್ರಾಚೀನ ಮೆಸೊಪೊಟೇಮಿಯದ, ಅಂದರೆ ಇಂದಿನ ಇರಾಕಿನ, ಊರ್ ನಗರದ ನಕ್ಷೆ ಗೊಂದಲದ ಗೂಡಾಗಿ ಕಾಣುತ್ತದೆ. ಪುರಾತತ್ವಜ್ಞ ಲಿಯೊನಾರ್ಡ್ ವೂಲಿ 1922ರಿಂದ 1934ರವರೆಗೆ ಉತ್ಖನನ ಮಾಡಿದ ಅಲ್ಲಿನ ವಸತಿ ಕೇರಿಗಳಲ್ಲಿ ಓಣಿಗಳ ಅಗಲ ಎರಡು ಮೂರು ಮೀಟರ್ ಅಷ್ಟೆ. ಅಡ್ಡಾದಿಡ್ಡಿ ತಿರುಗುತ್ತವೆ, ಕೆಲವು ಯಾರದೋ ಬಾಗಿಲಲ್ಲಿ ಮುಗಿದೇಹೋಗುತ್ತವೆ. ಯೋಜನೆಯಿಲ್ಲದೆ ಬೆಳೆದ ಊರು ಎಂದು ಷರಾ ಬರೆಯಲು ಇಷ್ಟು ಸಾಕು. ಆದರೆ ಇದೇ ಊರಿಗೆ ಎರಡು ಬಂದರುಗಳಿದ್ದವು, ಸುತ್ತ ಕೋಟೆಯಿತ್ತು, ಸುಟ್ಟ ಇಟ್ಟಿಗೆಯ ಹೊದಿಕೆ ಹೊದ್ದ ಜಿಗ್ಗುರಾಟ್ (ಹಂತ ಹಂತವಾಗಿ ಏರುವ ಗುಡಿಗೋಪುರ) ಇತ್ತು. ಇವು ತಾವಾಗಿಯೇ ಎದ್ದು ನಿಲ್ಲುವಂಥವಲ್ಲ.

ಯೋಜನೆಯನ್ನು ಆ ನಾಡಿನವರು ಎಲ್ಲಿಟ್ಟಿದ್ದರು ಎಂಬುದಕ್ಕೆ ಒಳ್ಳೆಯ ಸಾಕ್ಷಿ ಅವರೇ ಬರೆದಿಟ್ಟ ಒಂದು ನಕ್ಷೆ. ಅದೇ ನಾಡಿನ ಇನ್ನೊಂದು ನಗರ ನಿಪ್ಪುರದಲ್ಲಿ 1899ರಲ್ಲಿ ಸಿಕ್ಕ ಈ ಮಣ್ಣಿನ ಹಲಗೆ ಕ್ರಿ.ಪೂ. ಎರಡನೇ ಸಹಸ್ರಮಾನದ ನಡುಭಾಗದ್ದು, ಈಗ ಜರ್ಮನಿಯ ಯೇನಾದಲ್ಲಿದೆ. ಎರಡು ಅಂಗೈ ಅಗಲದ ಆ ಹಲಗೆಯ ಮೇಲೆ ಯೂಫ್ರೆಟಿಸ್ ನದಿ, ಊರ ನಡುವೆ ಹರಿಯುವ ಕಾಲುವೆ, ಕೋಟೆಗೋಡೆ, ಹೆಸರು ಬರೆದ ಹೆಬ್ಬಾಗಿಲುಗಳು, ಎನ್ಲಿಲ್ ದೇವರ ಗುಡಿ, ಒಂದು ತೋಟ ಇವೆ. ಹಲವು ಕಡೆ ಅಳತೆಯನ್ನೂ ಬರೆದಿದ್ದಾರೆ. ಒಂದು ಬೀದಿಯಿಲ್ಲ, ಒಂದು ಮನೆಯಿಲ್ಲ. ಸಾವಿರಾರು ಕೈ ಸೇರದೆ ಆಗದ ಕೆಲಸಗಳು ನಕ್ಷೆಯಲ್ಲಿವೆ. ಒಂದು ಕುಟುಂಬ ತಾನೇ ಮಾಡಿಕೊಳ್ಳಬಹುದಾದ್ದು ನಕ್ಷೆಗೆ ಬಂದಿಲ್ಲ. ಮೆಸೊಪೊಟೇಮಿಯದ ನಗರಗಳನ್ನು ಓದಬೇಕಾದ್ದು ಈ ಹಂಚಿಕೆಯಿಂದಲೇ ಎಂಬುದು ನಮ್ಮ ಅಭಿಪ್ರಾಯ.

ಇಳುಕಲೇ ಇಲ್ಲದ ನೆಲ

ಬಾಗ್ದಾದ್ ಸಮುದ್ರಮಟ್ಟದಿಂದ ಸುಮಾರು 34 ಮೀಟರ್ ಎತ್ತರದಲ್ಲಿದೆ. ಅಲ್ಲಿಂದ ಪರ್ಷಿಯನ್ ಕೊಲ್ಲಿಗೆ 500 ಕಿಲೋಮೀಟರಿಗೂ ಹೆಚ್ಚು ದೂರ. ಲೆಕ್ಕ ಹಾಕಿದರೆ ಒಂದು ಕಿಲೋಮೀಟರಿಗೆ ಆರೇಳು ಸೆಂಟಿಮೀಟರ್ ಇಳುಕಲು. ಇಷ್ಟು ಚಪ್ಪಟೆ ನೆಲದಲ್ಲಿ ನದಿ ನಿಧಾನವಾಗುತ್ತದೆ, ನಿಧಾನವಾದ ನೀರು ಹೂಳನ್ನು ಕೆಳಗೆ ಬಿಡುತ್ತದೆ. ವರ್ಷ ವರ್ಷವೂ ಹೂಳು ಬಿದ್ದು ನದಿಯ ಪಾತ್ರ, ಅದರ ಎರಡೂ ದಂಡೆ ಸುತ್ತಲ ಬಯಲಿಗಿಂತ ಎತ್ತರವಾಗುತ್ತವೆ. ನದಿ ಒಂದು ಉದ್ದನೆಯ ದಿಬ್ಬದ ಮೇಲೆ ಹರಿಯುತ್ತಿರುತ್ತದೆ.

ಇದರಲ್ಲಿ ಲಾಭವೂ ಇದೆ, ಅಪಾಯವೂ ಇದೆ. ದಂಡೆ ಕಡಿದರೆ ಸಾಕು, ಏತವಿಲ್ಲದೆಯೇ ನೀರು ಹೊಲಕ್ಕಿಳಿಯುತ್ತದೆ. ಮೊದಲ ನಗರಗಳು ಸಾಲಾಗಿ ಇಂಥ ದಂಡೆಗಳ ಮೇಲೇ ಹುಟ್ಟಿದ್ದು ಅದಕ್ಕೆ. ಅದೇ ದಂಡೆ ಪ್ರವಾಹದಲ್ಲಿ ತಾನಾಗಿ ಒಡೆದರೆ ಹರಿದುಹೋದ ನೀರು ಪಾತ್ರಕ್ಕೆ ಮರಳುವುದಿಲ್ಲ, ತಗ್ಗಿನಲ್ಲಿ ನಿಂತು ಜೌಗಾಗುತ್ತದೆ. ಕೆಲವೊಮ್ಮೆ ನದಿಯೇ ಆ ಹೊಸ ದಾರಿ ಹಿಡಿದುಬಿಡುತ್ತದೆ. ಒಂದು ಕಾಲಕ್ಕೆ ಹಡಗು ಬಂದು ನಿಲ್ಲುತ್ತಿದ್ದ ಊರ್ ಪಟ್ಟಣದ ಅವಶೇಷ ಇಂದು ಯೂಫ್ರೆಟಿಸ್‌ನಿಂದ ಹದಿನೈದು ಕಿಲೋಮೀಟರಿನಷ್ಟು ದೂರದಲ್ಲಿ ಒಣಗಿ ನಿಂತಿದೆ.

ನೀರು ಬರುವ ಹೊತ್ತೂ ಬೆಳೆಗೆ ಹೊಂದುವುದಿಲ್ಲ. ಬಾರ್ಲಿ ಬಿತ್ತುವುದು ಅಕ್ಟೋಬರ್-ನವೆಂಬರಿನಲ್ಲಿ, ಆಗ ನದಿ ತಳ ಹಿಡಿದಿರುತ್ತದೆ. ಅನತೋಲಿಯದ ಬೆಟ್ಟಗಳ ಹಿಮ ಕರಗಿ ಪ್ರವಾಹ ಏರುವುದು ಏಪ್ರಿಲ್-ಮೇ ತಿಂಗಳಲ್ಲಿ, ತೆನೆ ಮಾಗಿ ಕೊಯ್ಲಿಗೆ ನಿಂತಾಗ. ಹಾಗಾಗಿ ಕಾಲುವೆಯ ಬಾಯಿ ಬೇಸಿಗೆ ಕೊನೆಯ ಕನಿಷ್ಠ ನೀರನ್ನೂ ಎಳೆದುಕೊಳ್ಳುವಷ್ಟು ಆಳವಿರಬೇಕು, ವಸಂತದ ಪ್ರವಾಹಕ್ಕೆ ಅದನ್ನೇ ಮುಚ್ಚುವಂತಿರಬೇಕು, ಹೊಲದ ಸುತ್ತ ಒಡ್ಡು ಬೇರೆ ಬೇಕು. ಈಜಿಪ್ಟಿನ ನೈಲ್ ನದಿಯ ರೈತನಿಗೆ ಇಷ್ಟು ತಾಪತ್ರಯವಿರಲಿಲ್ಲ. ಅಲ್ಲಿ ನೆರೆ ಇಳಿದ ಮೇಲೆ ಬಿತ್ತನೆ.

ಕಾಲುವೆ ತೋಡಲು ಎಷ್ಟು ಆಳು ಬೇಕೆಂಬುದನ್ನು ಲೆಕ್ಕಿಗರು ಹಾಕಿಡುತ್ತಿದ್ದರು. ಹಳೆ ಬ್ಯಾಬಿಲೋನಿಯನ್ ಕಾಲದ (ಸುಮಾರು ಕ್ರಿ.ಪೂ. 2000ರಿಂದ 1600) ಗಣಿತದ ಹಲಗೆಗಳಲ್ಲಿ ಒಬ್ಬ ಆಳಿನ ಒಂದು ದಿನದ ಅಗೆತಕ್ಕೆ ಬಳಸುವ ರೂಢಿಯ ದರ ಇಂದಿನ ಅಳತೆಯಲ್ಲಿ ಸುಮಾರು 3 ಘನ ಮೀಟರ್ ಮಣ್ಣು. ಮೂರು ಮೀಟರ್ ಅಗಲ, ಒಂದು ಮೀಟರ್ ಆಳದ ಸಾಧಾರಣ ಕಾಲುವೆಯನ್ನು ಒಂದು ಕಿಲೋಮೀಟರ್ ತೋಡಬೇಕೆಂದರೆ 3,000 ಘನ ಮೀಟರ್ ಮಣ್ಣು, ಅಂದರೆ ಸಾವಿರ ಆಳಿನ ಒಂದು ದಿನದ ದುಡಿಮೆ. ತಳಕ್ಕೆ ಇಳಿದಂತೆ ಮಣ್ಣನ್ನು ಮೇಲೆತ್ತಿ ಹಾಕುವ ಶ್ರಮ ಹೆಚ್ಚುತ್ತದೆ, ಲೆಕ್ಕಗಳಲ್ಲಿ ಮೇಲಿನ ಪದರಕ್ಕೊಂದು ದರ ಕೆಳಗಿನ ಪದರಕ್ಕೊಂದು ದರ ಇರುವುದೂ ಇದಕ್ಕೇ.

ತೋಡಿದರೆ ಮುಗಿಯುವುದಿಲ್ಲ. ಕಾಲುವೆಯಲ್ಲಿ ನೀರಿನ ವೇಗ ನದಿಗಿಂತ ಕಡಿಮೆ, ಆದ್ದರಿಂದ ಹೂಳು ಅಲ್ಲಿ ಇನ್ನೂ ಬೇಗ ಕೂರುತ್ತದೆ, ಎಲ್ಲಕ್ಕಿಂತ ಹೆಚ್ಚು ಕಾಲುವೆಯ ಬಾಯಲ್ಲೇ. ಪ್ರತಿ ವರ್ಷ ಹೂಳೆತ್ತಬೇಕು. ಎತ್ತಿದ್ದನ್ನು ದೂರ ಸಾಗಿಸುವವರು ಯಾರು? ಪಕ್ಕದ ದಂಡೆಗೇ ಸುರಿಯುತ್ತಾರೆ. ದಂಡೆ ಏರುತ್ತ ಹೋದಂತೆ ಮುಂದಿನ ವರ್ಷದ ಹೂಳನ್ನು ಇನ್ನಷ್ಟು ಎತ್ತರಕ್ಕೆ ಹೊರಬೇಕು. ಒಂದು ಹಂತದಲ್ಲಿ ಹಳೆಯದನ್ನು ಬಿಟ್ಟು ಪಕ್ಕದಲ್ಲಿ ಹೊಸ ಕಾಲುವೆ ತೋಡುವುದೇ ಅಗ್ಗವಾಗುತ್ತದೆ. ಇರಾಕಿನ ಬಯಲಿನಲ್ಲಿ ಇಂದಿಗೂ ಜೋಡಿ ದಿಬ್ಬಗಳ ಸಾಲಾಗಿ ಕಾಣುವುದು ಇಂಥ ಬಿಟ್ಟ ಕಾಲುವೆಗಳ ದಂಡೆಗಳೇ. ಸೋಮಾರಿತನಕ್ಕೆ ಶಿಕ್ಷೆಯೂ ಇತ್ತು. ತನ್ನ ಒಡ್ಡನ್ನು ಗಟ್ಟಿ ಮಾಡದೆ ಬಿಟ್ಟು ಅದು ಒಡೆದು ಊರವರ ಹೊಲ ಮುಳುಗಿಸಿದವನು ಹಾಳಾದ ಧಾನ್ಯವನ್ನು ತುಂಬಿಕೊಡಬೇಕು, ಕೊಡಲಾರದಿದ್ದರೆ ಅವನನ್ನೂ ಅವನ ಸೊತ್ತನ್ನೂ ಮಾರಿ ಆ ಬೆಳ್ಳಿಯನ್ನು ನಷ್ಟವಾದವರು ಹಂಚಿಕೊಳ್ಳಬೇಕು ಎನ್ನುತ್ತದೆ ಬ್ಯಾಬಿಲೋನಿನ ಅರಸ ಹಮ್ಮುರಾಬಿಯ ಶಾಸನ.

ಊರೊಳಗೆ ಬಂದ ಕಾಲುವೆಗೆ ಕುಡಿಯುವ ನೀರು ತರುವುದಷ್ಟೇ ಕೆಲಸವಲ್ಲ. ಧಾನ್ಯ, ಜೊಂಡು, ಇಟ್ಟಿಗೆ, ಡಾಂಬರು, ದೂರದ ಮರ ಮತ್ತು ಕಲ್ಲು ಎಲ್ಲವೂ ದೋಣಿಯಲ್ಲೇ ಬರುತ್ತಿದ್ದವು. ಕತ್ತೆಯ ಬೆನ್ನಿಗೆ ಇಷ್ಟು ಭಾರ ಹೊರಿಸಲಾಗದು. ಹೀಗಾಗಿ ಊರಿನ ನಿಜವಾದ ಹೆದ್ದಾರಿ ಕಾಲುವೆ, ಬಸ್‌ ನಿಲ್ದಾಣ ಅದರ ದಕ್ಕೆ. ಓಣಿಗಳು ಇಕ್ಕಟ್ಟಾಗಿದ್ದರೂ ಊರು ನಡೆಯುತ್ತಿತ್ತು.

ಮಣ್ಣು, ಜೊಂಡು, ಡಾಂಬರು

ದಕ್ಷಿಣ ಮೆಸೊಪೊಟೇಮಿಯದಲ್ಲಿ ಕಟ್ಟುವ ಕಲ್ಲು ವಿರಳ, ಒಳ್ಳೆಯ ಮರ ಇಲ್ಲವೇ ಇಲ್ಲ. ಸಿಗುವ ಖರ್ಜೂರ ಮತ್ತು ಪಾಪ್ಲರ್ ಮರದ ತೊಲೆ ಹೆಚ್ಚೆಂದರೆ ಮೂರು ನಾಲ್ಕು ಮೀಟರ್ ದಾಟುತ್ತದೆ. ಆ ಊರುಗಳ ಕೋಣೆಗಳೆಲ್ಲ ಉದ್ದಕ್ಕಿದ್ದು ಅಗಲ ಕಡಿಮೆ ಇರುವುದೇಕೆಂದು ಕೇಳಿದರೆ ಉತ್ತರ ತೊಲೆಯಲ್ಲಿದೆ.

ಉಳಿದದ್ದೆಲ್ಲ ಮಣ್ಣಿನ ಕೆಲಸ. ಜೇಡಿಗೆ ಕಡಿದ ಹುಲ್ಲು, ಹೊಟ್ಟು ಬೆರೆಸಿ, ನೀರು ಹಾಕಿ ತುಳಿದು, ಕೆಲವು ದಿನ ಕೊಳೆಯಲು ಬಿಟ್ಟು, ತಳವಿಲ್ಲದ ಮರದ ಅಚ್ಚಿನಲ್ಲಿ ಒತ್ತಿ, ಅಚ್ಚೆತ್ತಿ ಬಿಸಿಲಿಗೆ ಬಿಡುತ್ತಾರೆ. ಒಂದು ಮಗ್ಗುಲು ಒಣಗಿದ ಮೇಲೆ ಇನ್ನೊಂದು ಮಗ್ಗುಲಿಗೆ ಹೊರಳಿಸುತ್ತಾರೆ. ಹೊಟ್ಟು ಕಡಿಮೆಯಾದರೆ ಒಣಗುವಾಗ ಬಿರುಕು, ಹೆಚ್ಚಾದರೆ ಇಟ್ಟಿಗೆ ಪೊಳ್ಳು. ಸುಮೇರಿಯನ್ ಪಂಚಾಂಗದ ಮೂರನೇ ತಿಂಗಳಿಗೆ, ನಮ್ಮ ಮೇ-ಜೂನ್‌ ಹೊತ್ತಿಗೆ, ಇಟ್ಟಿಗೆಯನ್ನು ಅಚ್ಚಿಗಿಡುವ ತಿಂಗಳು ಎಂದೇ ಹೆಸರು. ಕೊಯ್ಲು ಮುಗಿದು ಹೊಟ್ಟು ಸಿಗುತ್ತದೆ, ಆಳುಗಳು ಬಿಡುವಾಗಿರುತ್ತಾರೆ, ಮಳೆಯ ಭಯವಿಲ್ಲ.

ಇಟ್ಟಿಗೆಯ ಲೆಕ್ಕಕ್ಕೆ 720ರ ಒಂದು ಘಟಕವಿತ್ತು. ಅರ್ಧ ಮೊಳ ಉದ್ದ, ಮೂರನೇ ಒಂದು ಮೊಳ ಅಗಲ, ಆರನೇ ಒಂದು ಮೊಳ ದಪ್ಪದ (ಸುಮಾರು 25 × 16.7 × 8.3 ಸೆಂ.ಮೀ.) ಇಟ್ಟಿಗೆಯಾದರೆ ಹನ್ನೆರಡು ಮೊಳ ಚೌಕ, ಒಂದು ಮೊಳ ಎತ್ತರದ ಗೋಡೆಯ ರಾಶಿಗೆ, ಅಂದರೆ ಸುಮಾರು 18 ಘನ ಮೀಟರಿಗೆ, ಇಂಥ 7.2 ಘಟಕ: 5,184 ಇಟ್ಟಿಗೆ. ಒಬ್ಬ ಆಳಿನ ದಿನದ ತಯಾರಿಗೆ 240 ಇಟ್ಟಿಗೆ ಎಂಬುದು ಹಳೆ ಬ್ಯಾಬಿಲೋನಿಯನ್ ಲೆಕ್ಕಗಳಲ್ಲಿ ಬರುವ ದರ. ಗೋಡೆಯ ಅಳತೆ ಕೊಟ್ಟರೆ ಇಟ್ಟಿಗೆ ಎಷ್ಟು, ಆಳು ಎಷ್ಟು, ಕೂಲಿಗೆ ಬಾರ್ಲಿ ಎಷ್ಟು ಎಂದು ಗುಡಿಯ ಗುಮಾಸ್ತ ಕೂತಲ್ಲೇ ಹೇಳಬಲ್ಲವನಾಗಿದ್ದ.

ಹಸಿ ಇಟ್ಟಿಗೆಗೆ ಶತ್ರು ಮಳೆ ಎಂದುಕೊಳ್ಳುತ್ತೇವೆ. ಅಲ್ಲಿ ಬೀಳುವ ಅಲ್ಪ ಮಳೆಗೆ ವರ್ಷಕ್ಕೊಮ್ಮೆ ಮಣ್ಣಿನ ಗಿಲಾವು ಮಾಡಿದರೆ ತೀರಿತು. ನಿಜವಾದ ಶತ್ರು ಕೆಳಗಿನಿಂದ ಬರುತ್ತದೆ. ಅಂತರ್ಜಲ ಮೇಲೆಯೇ ಇದೆ, ಅದರಲ್ಲಿ ಉಪ್ಪಿದೆ. ಗೋಡೆ ಬತ್ತಿಯ ಹಾಗೆ ಆ ನೀರನ್ನು ಹೀರುತ್ತದೆ, ನೆಲದಿಂದ ಸ್ವಲ್ಪ ಮೇಲೆ ಗಾಳಿಗೆ ನೀರು ಆರುತ್ತದೆ, ಉಪ್ಪು ಹರಳುಗಟ್ಟಿ ಇಟ್ಟಿಗೆಯ ಮೈಯನ್ನು ಒಳಗಿನಿಂದ ಒಡೆಯುತ್ತದೆ. ಗೋಡೆಯ ಬುಡ ಪುಡಿಪುಡಿಯಾಗಿ ಉದುರಿ ಒಂದು ದಿನ ಗೋಡೆ ಹೊರಕ್ಕೆ ವಾಲುತ್ತದೆ. ಅದಕ್ಕೆ ಮಾಡುತ್ತಿದ್ದ ಉಪಾಯಗಳು ಹಲವು: ಬುಡದ ಸಾಲುಗಳಿಗೆ ಸುಟ್ಟ ಇಟ್ಟಿಗೆ ಹಾಕಿ ಅದರ ಮೇಲೆ ಹಸಿ ಇಟ್ಟಿಗೆ ಏರಿಸುವುದು, ನಡುನಡುವೆ ಜೊಂಡಿನ ಚಾಪೆ ಹಾಸುವುದು, ಬುಡಕ್ಕೆ ಹೊರಗಿನಿಂದ ಇನ್ನೊಂದು ಗಿಡ್ಡ ಗೋಡೆ ಒತ್ತಿ ಕಟ್ಟುವುದು.

ಎಲ್ಲವನ್ನೂ ಸುಟ್ಟ ಇಟ್ಟಿಗೆಯಲ್ಲೇ ಕಟ್ಟಬಾರದಿತ್ತೇ? ಸೌದೆ ಎಲ್ಲಿಂದ? ಜೊಂಡು, ಕುರುಚಲು, ಬೆರಣಿಯಿಂದ ಸುಡಬೇಕು. ಆದ್ದರಿಂದ ಸುಟ್ಟ ಇಟ್ಟಿಗೆ ನೀರು ತಾಗುವ ಜಾಗಕ್ಕೆ ಮಾತ್ರ: ಬಾವಿ, ಬಚ್ಚಲು, ಚರಂಡಿ, ದಕ್ಕೆ, ಕಟ್ಟೆ. ಅದನ್ನು ಕೂಡಿಸಲು ಡಾಂಬರು. ಯೂಫ್ರೆಟಿಸ್ ದಂಡೆಯ ಹೀತ್ ಊರಿನಂಥ ಕಡೆ ನೆಲದಿಂದ ತಾನಾಗಿ ಉಕ್ಕುವ ಡಾಂಬರನ್ನು ಕಾಯಿಸಿ, ಮಣ್ಣಿನ ಪುಡಿ ಮತ್ತು ನಾರು ಬೆರೆಸಿ ಬಳಸುತ್ತಿದ್ದರು. ಬರಿಯ ಡಾಂಬರು ಅಲ್ಲಿನ ಬೇಸಿಗೆಗೆ ಕರಗಿ ಜಾರುತ್ತದೆ. ಪುಡಿ ಅತಿಯಾದರೆ ಪೆಡಸಾಗಿ ಸೀಳುತ್ತದೆ. ದಕ್ಷಿಣದ ಲಗಾಶ ನಗರದ ಅರಸ ಎನ್ಮೆತೆನ, ಕ್ರಿ.ಪೂ. 2400ರ ಸುಮಾರಿಗೆ, ನೀರು ತಡೆಯುವ ಒಂದು ಕಟ್ಟೆಗೆ 6,48,000 ಸುಟ್ಟ ಇಟ್ಟಿಗೆ ಮತ್ತು ಇಂದಿನ ಲೆಕ್ಕದಲ್ಲಿ ಎರಡೂವರೆ ಲಕ್ಷ ಲೀಟರಿಗೂ ಹೆಚ್ಚು ಡಾಂಬರು ಬಳಸಿದ್ದನ್ನು ಬರೆಸಿಟ್ಟಿದ್ದಾನೆ. ನಂತರದ ಕಾಲದ 240ರ ದರವನ್ನೇ ಇಲ್ಲಿಗೂ ಹಚ್ಚಿದರೆ ಇಟ್ಟಿಗೆ ಅಚ್ಚು ಹಾಕುವುದಕ್ಕೇ 2,700 ಆಳುದಿನ. ಸುಡುವುದು, ಸಾಗಿಸುವುದು, ಕಟ್ಟುವುದು ಬೇರೆ.

ಗೋಡೆ ಮತ್ತು ಜಗತಿ

ಉರುಕ್ ನಗರ ಕ್ರಿ.ಪೂ. 2900ರ ಹೊತ್ತಿಗೆ ಐದೂವರೆ ಚದರ ಕಿಲೋಮೀಟರಿನಷ್ಟು ಹರಡಿತ್ತು. ಅದರ ಕೋಟೆ ಒಂಬತ್ತು ಕಿಲೋಮೀಟರಿಗೂ ಉದ್ದ, ಉದ್ದಕ್ಕೂ ನೂರಾರು ಅರೆವೃತ್ತದ ಕೊತ್ತಳ. ಕಟ್ಟಿದ್ದು ಅಡಿ ಚಪ್ಪಟೆ, ಬೆನ್ನು ಉಬ್ಬಿದ ವಿಚಿತ್ರ ಇಟ್ಟಿಗೆಯಲ್ಲಿ; ಅಚ್ಚಿನ ಮೇಲ್ಭಾಗವನ್ನು ಸಮ ಮಾಡುವ ಗೋಜಿಲ್ಲ, ಓರೆಯಾಗಿ ನಿಲ್ಲಿಸಿ, ಮುಂದಿನ ಸಾಲನ್ನು ಎದುರು ದಿಕ್ಕಿಗೆ ಓರೆ ಮಾಡಿ, ಸಂದಿಗೆ ಕೆಸರು ತುಂಬುತ್ತಾರೆ. ಕೋಟೆ ಶತ್ರುವಿಗೆ ಮಾತ್ರವಲ್ಲ, ನೆರೆಗೂ ಅಡ್ಡ. ಸಿರಿಯಾದ ಮಾರಿ ನಗರದಲ್ಲಂತೂ ಇದು ಸ್ಪಷ್ಟ: ಕ್ರಿ.ಪೂ. 2900ರ ಸುಮಾರಿಗೆ ಬಯಲಿನಲ್ಲಿ ಒಮ್ಮೆಗೇ ಹಾಕಿದ ಆ ದುಂಡು ಊರಿಗೆ ಹೊರಗಡೆ 1.9 ಕಿಲೋಮೀಟರ್ ಅಡ್ಡಳತೆಯ ಏರಿ, ಅದರೊಳಗೆ ಕೋಟೆ, ಯೂಫ್ರೆಟಿಸ್‌ನಿಂದ ಊರೊಳಕ್ಕೆ ಕಾಲುವೆ.

ಗುಡಿಗಳ ತಳಪಾಯದಲ್ಲಿ ಕಾಣುವ ಖರ್ಚು ಬೆರಗು ಹುಟ್ಟಿಸುತ್ತದೆ. ಬಾಗ್ದಾದಿನ ಪೂರ್ವಕ್ಕಿರುವ ಖಫಾಜಾದ ಅಂಡಾಕಾರದ ಗುಡಿಗೆ ಮೊದಲು ಇಡೀ ನಿವೇಶನವನ್ನು ಹಲವು ಮೀಟರ್ ಆಳಕ್ಕೆ ಅಗೆದು, ಅಂದಾಜು 64,000 ಘನ ಮೀಟರ್ ಶುದ್ಧ ಮರಳು ತಂದು ತುಂಬಿದರು. ಇದನ್ನು ಸಾಮಾನ್ಯವಾಗಿ ಮಡಿಗೆ ಹಚ್ಚುತ್ತಾರೆ, ಹಳೆ ಮನೆಗಳ ಮೈಲಿಗೆ ಮಣ್ಣಿನ ಮೇಲೆ ದೇವರು ಕೂರಬಾರದು ಎಂದು. ಇರಬಹುದು. ಆದರೆ ಕೆಲಸ ಬಲ್ಲ ಮೇಸ್ತ್ರಿಗೆ ಮರಳು ಇನ್ನೊಂದನ್ನೂ ಕೊಡುತ್ತದೆ: ಅದು ಜೇಡಿಯಂತೆ ನೀರನ್ನು ಮೇಲಕ್ಕೆಳೆಯುವುದಿಲ್ಲ, ಭಾರ ಬಿದ್ದಾಗ ಒಂದೇ ಸಮನೆ ಕೂರುತ್ತದೆ.

ಊರ್ ನಗರದ ಜಿಗ್ಗುರಾಟನ್ನು ಅರಸ ಊರ್-ನಮ್ಮು ಕಟ್ಟಲು ತೊಡಗಿದ್ದು ಕ್ರಿ.ಪೂ. 2100ರ ಸುಮಾರಿಗೆ. ತಳ 62.5 × 43 ಮೀಟರ್. ಒಳಗೆಲ್ಲ ಹಸಿ ಇಟ್ಟಿಗೆ, ಹೊರಗೆ ಎರಡೂವರೆ ಮೀಟರ್ ದಪ್ಪ ಡಾಂಬರಿನಲ್ಲಿಟ್ಟ ಸುಟ್ಟ ಇಟ್ಟಿಗೆ. ಹೊದಿಕೆಯ ಉದ್ದಕ್ಕೂ ಸಾಲಾಗಿ ಕಿಂಡಿಗಳನ್ನು ಬಿಟ್ಟಿದ್ದಾರೆ. ಒಳಗಿನ ಮಣ್ಣು ತೇವ ಹೀರಿ ಉಬ್ಬಿದರೆ ಎಷ್ಟೇ ದಪ್ಪದ ಹೊದಿಕೆಯೂ ಸಿಡಿಯುತ್ತದೆ. ತೇವ ಹೊರಬರಲು ಆ ಕಿಂಡಿಗಳೇ ದಾರಿ.

ಓಣಿ ಏರುತ್ತದೆ, ಮನೆ ಇಳಿಯುತ್ತದೆ

ಕಸ ಎಲ್ಲಿಗೆ? ಓಣಿಗೆ. ಬೂದಿ, ಮೂಳೆ, ಒಡೆದ ಮಡಕೆ, ಸಗಣಿ, ಉದುರಿದ ಗಿಲಾವು ಎಲ್ಲವೂ ತುಳಿದು ಗಟ್ಟಿಯಾಗಿ ಓಣಿಯ ಮಟ್ಟ ಏರುತ್ತಲೇ ಇರುತ್ತದೆ. ಮನೆಯೊಳಗಿನ ನೆಲ ಹಾಗೆಯೇ ಇರುವುದರಿಂದ ಮಳೆಯ ನೀರು ಒಳನುಗ್ಗದಂತೆ ಹೊಸ್ತಿಲನ್ನು ಎತ್ತರಿಸುತ್ತಾರೆ. ಇನ್ನೂ ಏರಿದರೆ ಬಾಗಿಲಿಂದ ಒಳಕ್ಕೆ ಇಳಿಯಲು ಮೆಟ್ಟಿಲು. ಕೊನೆಗೆ ಮನೆ ಕೆಡವಿ, ಅದೇ ಮಣ್ಣನ್ನು ಹರಡಿ, ಓಣಿಯ ಮಟ್ಟಕ್ಕಿಂತ ಮೇಲೆ ಹೊಸ ನೆಲ ಹಾಕುತ್ತಾರೆ. ಊರುಗಳು ದಿಬ್ಬಗಳಾದದ್ದು ಹೀಗೆಯೇ.

ಬೀದಿಯುದ್ದಕ್ಕೂ ಚರಂಡಿ ಇಳಿಸದಿರಲು ಇದೂ ಒಂದು ಕಾರಣ ಎಂದು ತೋರುತ್ತದೆ. ಚರಂಡಿಗೆ ಒಂದೇ ಸಮನಾದ ಇಳುಕಲು ಬೇಕು, ಓಣಿಯ ಮಟ್ಟವೋ ಒಂದೊಂದು ಮನೆಯೆದುರು ಒಂದೊಂದು ವೇಗದಲ್ಲಿ ಏರುತ್ತದೆ. ಮನೆಯವರು ನೀರನ್ನು ಅಡ್ಡಕ್ಕೆ ಹರಿಸುವ ಬದಲು ನೆಟ್ಟಗೆ ಕೆಳಕ್ಕಿಳಿಸಿದರು. ಮನೆ ನಡುವಿನ ತೆರೆದ ಅಂಗಳಕ್ಕೆ ಸುಟ್ಟ ಇಟ್ಟಿಗೆ ಹಾಸಿ ಒಂದೆಡೆಗೆ ಇಳಿಜಾರು ಕೊಟ್ಟು, ಅಲ್ಲಿ ಒಂದು ಗುಂಡಿ. ಗುಂಡಿಯೊಳಗೆ ಸುಮಾರು ಒಂದು ಮೀಟರ್ ಅಡ್ಡಳತೆಯ ಸುಟ್ಟ ಮಣ್ಣಿನ ಉಂಗುರಗಳನ್ನು ಒಂದರ ಮೇಲೊಂದು ಇಳಿಸುತ್ತಾರೆ, ನಮ್ಮಲ್ಲಿ ಇಂಗುಗುಂಡಿಗೆ ಸಿಮೆಂಟ್ ರಿಂಗ್ ಇಳಿಸುವ ಹಾಗೆಯೇ. ಉಂಗುರದ ಮೈಯಲ್ಲಿ ಸಣ್ಣ ತೂತುಗಳು. ಉಂಗುರಕ್ಕೂ ಗುಂಡಿಯ ಗೋಡೆಗೂ ನಡುವೆ ಒಡೆದ ಮಡಕೆ ಚೂರು ತುಂಬುತ್ತಾರೆ. ಈ ಚೂರಿಲ್ಲದಿದ್ದರೆ ಹೊರಗಿನ ಜೇಡಿ ತೂತುಗಳನ್ನು ಮುಚ್ಚಿ ಗುಂಡಿ ಬೇಗ ಕಟ್ಟಿಕೊಳ್ಳುತ್ತದೆ. ಮನೆಯ ನೆಲ ಏರಿದಾಗ ಮೇಲೆ ಇನ್ನೊಂದು ಉಂಗುರ ಕೂರಿಸಿದರೆ ಗುಂಡಿಯೂ ಏರುತ್ತದೆ. ಕಕ್ಕಸಿಗೂ ಇದೇ ರಚನೆ, ಮೇಲೆ ಸೀಳುಬಿಟ್ಟ ಇಟ್ಟಿಗೆ ಹಾಸು.

ಇದರ ಮಿತಿ ಬಾವಿಯಲ್ಲಿ ಗೊತ್ತಾಗುತ್ತದೆ. ಗುಂಡಿ ಇಂಗಿಸುವ ಪದರಕ್ಕೂ ಬಾವಿ ನೀರು ಸೇದುವ ಪದರಕ್ಕೂ ಅಂತರ ಕಡಿಮೆಯಿದ್ದು, ಎರಡೂ ಒಂದೇ ಕೇರಿಯಲ್ಲಿದ್ದರೆ, ಬಾವಿ ಕೆಡುವುದು ತಡವಾಗುವುದಿಲ್ಲ.

ಚರಂಡಿಯ ವಿದ್ಯೆ ಅವರಿಗೆ ಗೊತ್ತಿರಲಿಲ್ಲ ಎಂದರ್ಥವಲ್ಲ. ಎಶ್ನುನ್ನದ (ಈಗಿನ ತೆಲ್ ಅಸ್ಮರ್) ಅಕ್ಕಾಡಿಯನ್ ಕಾಲದ (ಕ್ರಿ.ಪೂ. 2300ರ ಸುಮಾರಿನ) ಅರಮನೆಯಲ್ಲಿ ಸ್ನಾನದ ಕೋಣೆ, ಕಕ್ಕಸುಗಳಿಂದ ಹೊರಟ ಕವಲುಗಳು ಸುಟ್ಟ ಇಟ್ಟಿಗೆಯ ಒಂದು ದೊಡ್ಡ ಮುಚ್ಚುಚರಂಡಿಗೆ ಸೇರುತ್ತವೆ. ಅದಕ್ಕೂ ಸಾವಿರ ವರ್ಷ ಹಿಂದೆ, ಸಿರಿಯಾದ ಹಬೂಬ ಕಬೀರದಲ್ಲಿ, ದಕ್ಷಿಣದಿಂದ ಬಂದು ನೆಲೆಸಿದವರು ಕಟ್ಟಿದರೆನ್ನಲಾದ ಇಪ್ಪತ್ತು ಹೆಕ್ಟೇರಿನಷ್ಟು ದೊಡ್ಡ ಊರಿನಲ್ಲಿ ಹಾಸುಬೀದಿಗಳಿದ್ದವು, ಒಂದರ ಬಾಯೊಳಗೆ ಇನ್ನೊಂದು ಕೂರುವ ಮಣ್ಣಿನ ಕೊಳವೆಗಳಿದ್ದವು, ಬಚ್ಚಲ ನೀರು ಊರ ಹೊರಗೆ ಹೋಗುತ್ತಿತ್ತು. ಅದು ಒಮ್ಮೆಗೇ ಕಟ್ಟಿ, ಒಂದೆರಡು ಶತಮಾನವೂ ಬಾಳದೆ ಬಿಟ್ಟುಹೋದ ಊರು. ಓಣಿ ಏರಿ ಕೊಳವೆ ಹೂತುಹೋಗುವಷ್ಟು ಕಾಲ ಅದಕ್ಕೆ ಸಿಗಲೇ ಇಲ್ಲ. ನೇರ ಬೀದಿಗೂ ಇದೇ ಮಾತು. ಬಾಗ್ದಾದಿನ ಅಂಚಿನ ತೆಲ್ ಹರ್ಮಲ್, ಎರಡು ಹೆಕ್ಟೇರಿಗೂ ಕಡಿಮೆಯ ಪುಟ್ಟ ಆಡಳಿತ ಪಟ್ಟಣ, ಕೋಟೆಯೊಳಗೆ ನೇರ ಬೀದಿಗಳನ್ನೇ ಹೊಂದಿತ್ತು. ಅರಸ ಒಂದೇ ಸಲಕ್ಕೆ ಕಟ್ಟಿಸಿದ್ದು ಅದು.

ಕೇರಿಯ ಪಾಲು

ಪುರಾತತ್ವಜ್ಞರಾದ ಎಲಿಜಬೆತ್ ಸ್ಟೋನ್ ಮತ್ತು ಪಾಲ್ ಜಿಮಾನ್ಸ್ಕಿ 1987ರಿಂದ 1990ರವರೆಗೆ ಗಾಳಿಪಟಕ್ಕೆ ಕ್ಯಾಮೆರಾ ಕಟ್ಟಿ ಇರಾಕಿನ ಮಶ್ಕನ್-ಶಾಪಿರ್ ಎಂಬ ಪ್ರಾಚೀನ ಊರಿನ ಮೇಲ್ಮೈಯನ್ನು ಸಮೀಕ್ಷೆ ಮಾಡಿದರು. ಕಾಲುವೆಗಳು ಊರನ್ನು ಹಲವು ಕೇರಿಗಳಾಗಿ ಕಡಿದಿದ್ದವು. ಸಿರಿವಂತಿಕೆಯ ಗುರುತಿನ ವಸ್ತುಗಳು ಒಂದೇ ಕೇರಿಯಲ್ಲಿ ಗುಡ್ಡೆಯಾಗಿರದೆ ಊರೆಲ್ಲ ಹರಡಿದ್ದವು. ಊರ್, ನಿಪ್ಪುರಗಳಲ್ಲೂ ದೊಡ್ಡ ಮನೆಯ ಗೋಡೆಗೆ ಗೋಡೆ ಹಚ್ಚಿ ಸಣ್ಣ ಮನೆ. 2022ರಲ್ಲಿ ಪುರಾತತ್ವಜ್ಞೆ ಎಮಿಲಿ ಹ್ಯಾಮರ್ ಲಗಾಶದ ಡ್ರೋನ್ ಚಿತ್ರಗಳಿಂದ ತೋರಿಸಿದ್ದು ಇನ್ನೂ ಮುಂದಿನದು: ಆ ಊರು ನೀರಿನ ನಡುವಿನ ಬೇರೆ ಬೇರೆ ದಿಬ್ಬಗಳ ಗುಂಪು, ಒಂದು ನಡುಕೇಂದ್ರದ ಸುತ್ತ ಬೆಳೆದದ್ದಲ್ಲ.

ಓಣಿಯ ಗೋಡೆ ವಾಲಿದರೆ ಯಾರು ಹೊಣೆ? ತೆಲ್ ಹರ್ಮಲ್‌ನಲ್ಲೇ 1940ರ ದಶಕದಲ್ಲಿ ಸಿಕ್ಕ ಎಶ್ನುನ್ನದ ಕಾನೂನಿನಲ್ಲಿ ಇದಕ್ಕೆ ಒಂದು ಕಲಮೇ ಇದೆ. ಗೋಡೆ ಬೀಳುವಂತಿದೆ ಎಂದು ಕೇರಿಯವರು ಮಾಲೀಕನಿಗೆ ತಿಳಿಸಬೇಕು. ತಿಳಿಸಿದ ಮೇಲೂ ಅವನು ಗಟ್ಟಿ ಮಾಡದೆ, ಗೋಡೆ ಬಿದ್ದು ಒಬ್ಬ ಸತ್ತರೆ, ಅದು ಪ್ರಾಣದ ಪ್ರಕರಣ, ತೀರ್ಮಾನ ಅರಸನದು. ಹಮ್ಮುರಾಬಿಯ ಶಾಸನ ಇದೇ ಹೊಣೆಯನ್ನು ಮೇಸ್ತ್ರಿಯ ತಲೆಗೂ ಕಟ್ಟುತ್ತದೆ. ಪ್ರತಿ 36 ಚದರ ಮೀಟರ್ ಮನೆಗೆ ಅವನ ಸಂಭಾವನೆ ಎರಡು ಶೆಕೆಲ್ (ಒಂದು ಶೆಕೆಲ್ ಎಂದರೆ ಸುಮಾರು 8 ಗ್ರಾಂ) ಬೆಳ್ಳಿ. ಗೋಡೆ ಉಬ್ಬಿದರೆ ತನ್ನ ಬೆಳ್ಳಿಯಲ್ಲೇ ಅದನ್ನು ಗಟ್ಟಿ ಮಾಡಿಕೊಡಬೇಕು, ಮನೆ ಕುಸಿದು ಮಾಲೀಕ ಸತ್ತರೆ ಮೇಸ್ತ್ರಿಗೆ ಮರಣದಂಡನೆ.